ಹೊಟ್ಟೆ ಕರಗಿಸುವ ಶಸ್ತ್ರಚಿಕಿತ್ಸೆ: ಚೀಟಿಯಲ್ಲಿ ಬರೆದ ದರ, ಬರೆಯದೇ ಬಿಟ್ಟ ಖರ್ಚು

ಅದೇ ಹೊಟ್ಟೆ, ಅದೇ ಶಸ್ತ್ರಚಿಕಿತ್ಸೆಯ ಹೆಸರು. ಜಯನಗರದ ಕಡೆ ವಿಚಾರಿಸಿದರೆ 1,40,000 ರೂಪಾಯಿ ಅನ್ನುತ್ತಾರೆ, ಇಂದಿರಾನಗರದ ಕಡೆ 2,10,000. ಹೀಗೆ ಎರಡು ಚೀಟಿ ಹಿಡಿದು ಬಂದವರಲ್ಲಿ ಕೆಲವರು ಕಡಿಮೆಯದಕ್ಕೆ ಒಲಿಯುತ್ತಾರೆ. ಇನ್ನು ಕೆಲವರು ‘ಜಾಸ್ತಿ ತಗೊಳ್ಳೋರು ಚೆನ್ನಾಗೇ ಮಾಡ್ತಾರೆ’ ಎಂದು ಹೆಚ್ಚಿನದಕ್ಕೆ ಹೋಗುತ್ತಾರೆ. ಎರಡೂ ದಾರಿ ಸರಿಯಲ್ಲ. ಆ ಎರಡು ಅಂಕಿಗಳ ಒಳಗೆ ಸೇರಿರುವ ವಸ್ತುಗಳೇ ಬೇರೆ ಬೇರೆ ಇರುವಾಗ ಅವನ್ನು ಅಕ್ಕಪಕ್ಕ ಇಟ್ಟು ನೋಡಿ ಪ್ರಯೋಜನವಿಲ್ಲ.

ದರ ಹೋಲಿಸುವುದಕ್ಕೂ ಮುಂಚೆ ಮಾಡಬೇಕಾದ ಕೆಲಸ ಇನ್ನೊಂದಿದೆ. ಈ ಕ್ಷೇತ್ರದಲ್ಲಿ ಅತಿ ದುಬಾರಿಯಾಗುವುದು ತಪ್ಪು ಶಸ್ತ್ರಚಿಕಿತ್ಸೆ. ಚರ್ಮ ಜೋತುಬಿದ್ದ ಹೊಟ್ಟೆಗೆ ಅಗ್ಗ ಎಂದು ಲೈಪೊಸಕ್ಷನ್ (ಕೊಳವೆಯಿಂದ ಕೊಬ್ಬು ಹೀರುವುದು) ಮಾಡಿಸಿಕೊಂಡವರು ವರ್ಷದೊಳಗೆ, ಹೆಚ್ಚಿನ ಚರ್ಮ ಕತ್ತರಿಸಿ ಹೊಟ್ಟೆ ಬಿಗಿ ಮಾಡುವ ಟಮ್ಮಿ ಟಕ್‌ಗಾಗಿ ಮತ್ತೆ ಓಟಿ (ಆಪರೇಷನ್ ಥಿಯೇಟರ್) ಮೇಜಿನ ಮೇಲೆ ಮಲಗಬೇಕಾಗಬಹುದು. ಆಗ ಎರಡು ಅರಿವಳಿಕೆ, ಎರಡು ಓಟಿ ಬಿಲ್, ಎರಡು ಸಲದ ರಜೆ. ಆದ್ದರಿಂದ ಮೊದಲು ಹೊಟ್ಟೆ ಯಾವ ಬಗೆಯದು ಎಂದು ತಿಳಿಯಬೇಕು.

ಹಿಡಿಗೆ ಸಿಗುವುದು, ಸಿಗದಿರುವುದು

ಕನ್ನಡಿಯ ಮುಂದೆ ನಿಂತು ಹೊಕ್ಕುಳ ಕೆಳಗಿನ ಭಾಗವನ್ನು ಹೆಬ್ಬೆರಳು ಮತ್ತು ತೋರುಬೆರಳಿನ ನಡುವೆ ಹಿಡಿದು ನೋಡಿ. ದಪ್ಪ ಮಡಿಕೆ ಕೈಗೆ ಸಿಕ್ಕು, ಬಿಟ್ಟ ಕೂಡಲೇ ಚರ್ಮ ಬಿಗಿಯಾಗಿ ಹಿಂದಕ್ಕೆ ಹೋದರೆ ಅದು ಚರ್ಮದ ಕೆಳಗಿನ ಕೊಬ್ಬು. ಲೈಪೊಸಕ್ಷನ್ ಕೆಲಸ ಮಾಡುವುದು ಇಲ್ಲಿ. ಕೈಗೆ ಸಿಗುವ ಮಡಿಕೆ ತೆಳುವಾಗಿದ್ದು, ಹೊಟ್ಟೆ ಮಾತ್ರ ಗಡಿಗೆಯ ಹಾಗೆ ಗಟ್ಟಿಯಾಗಿ ಮುಂದೆ ಬಂದಿದ್ದರೆ ಕೊಬ್ಬು ಇರುವುದು ಒಳಗೆ, ಕರುಳಿನ ಸುತ್ತ. ಅದನ್ನು ಯಾವ ಕೊಳವೆಯೂ ಹೀರಲಾರದು. ನಲವತ್ತು ದಾಟಿದ ಗಂಡಸರಲ್ಲಿ ಹೆಚ್ಚಾಗಿ ಕಾಣುವುದು ಇದೇ ಬಗೆ. ಇವರಿಗೆ ಊಟ, ನಡಿಗೆ, ಸಕ್ಕರೆ ಕಾಯಿಲೆಯ ನಿಯಂತ್ರಣ ಇವೇ ದಾರಿ. ‘ಲೈಪೊ ಮಾಡಿದರೆ ಹೋಗುತ್ತೆ’ ಎಂದು ಇಂಥವರಿಗೆ ಭರವಸೆ ಕೊಡುವ ಜಾಗದಿಂದ ಎದ್ದು ಬರುವುದೇ ಲೇಸು.

ಆಮೇಲೆ ಕುರ್ಚಿಯ ಮೇಲೆ ಕೂತು ಮುಂದಕ್ಕೆ ಬಾಗಿ. ಚರ್ಮ ಚೀಲದ ಹಾಗೆ ಜೋತುಬಿದ್ದರೆ, ಸಿಸೇರಿಯನ್ ಗಾಯದ ಮೇಲೆ ಮಡಿಕೆ ಕೂತರೆ, ಕೊಬ್ಬು ತೆಗೆದ ಮೇಲೆ ಅದು ಇನ್ನಷ್ಟು ಜೋಲುತ್ತದೆ. ಕೊನೆಗೆ ಅಂಗಾತ ಮಲಗಿ, ಮಂಡಿ ಮಡಚಿ, ತಲೆಯನ್ನಷ್ಟೇ ಮೇಲೆತ್ತಿ ಹೊಕ್ಕುಳ ಮೇಲೆ ಬೆರಳು ಒತ್ತಿ ನೋಡಿ. ನಡುವೆ ಎರಡು ಬೆರಳಿಗಿಂತ ಅಗಲವಾದ ಹಳ್ಳ ಸಿಕ್ಕರೆ ಹೆರಿಗೆಯ ನಂತರ ಹೊಟ್ಟೆಯ ಎರಡು ಪಕ್ಕದ ಸ್ನಾಯುಗಳು ದೂರ ಸರಿದಿವೆ ಎಂದು ಅರ್ಥ. ಈ ಎರಡು ಶಸ್ತ್ರಚಿಕಿತ್ಸೆಗಳಲ್ಲಿ ಅದನ್ನು ಹೊಲಿದು ಹತ್ತಿರ ತರುವುದು ಟಮ್ಮಿ ಟಕ್ ಮಾತ್ರ. ಆದರೆ ಹೆರಿಗೆಯಾಗಿ ಇನ್ನೂ ವರ್ಷ ತುಂಬದವರು ಮೊದಲು ಫಿಸಿಯೊಥೆರಪಿಸ್ಟ್ ಬಳಿ ಕೆಲವು ತಿಂಗಳು ವ್ಯಾಯಾಮ ಕಲಿತು ನೋಡಬೇಕು. ಹಲವರಿಗೆ ಅಷ್ಟರಲ್ಲೇ ಬಹಳ ಸುಧಾರಣೆ ಕಾಣುತ್ತದೆ, ಅದರ ಖರ್ಚು ಓಟಿಯ ಖರ್ಚಿನ ಒಂದು ಚೂರು ಮಾತ್ರ.

ಇನ್ನೊಂದು ಮಗು ಬೇಕೆಂದಿದ್ದರೆ ಟಮ್ಮಿ ಟಕ್ ಮುಂದಕ್ಕೆ ಹಾಕಿ. ಹೊಲಿದ ಸ್ನಾಯು ಬಸಿರಿನಲ್ಲಿ ಮತ್ತೆ ಹಿಗ್ಗುತ್ತದೆ, ಕೊಟ್ಟ ಹಣ ಅಲ್ಲಿಗೆ ಹೋಯಿತು. ತೂಕ ಇಳಿಸುವ ಯೋಚನೆ ಇರುವವರೂ ಅಷ್ಟೇ: ಮೊದಲು ಇಳಿಸಿ, ಆರು ತಿಂಗಳು ಅದೇ ತೂಕದಲ್ಲಿ ನಿಂತ ಮೇಲೆ ಬನ್ನಿ. ಲೈಪೊಸಕ್ಷನ್, ಟಮ್ಮಿ ಟಕ್ ಎರಡೂ ತೂಕ ಇಳಿಸುವ ಚಿಕಿತ್ಸೆಗಳಲ್ಲ, ಆಕಾರ ತಿದ್ದುವ ಚಿಕಿತ್ಸೆಗಳು.

ಲೈಪೊಸಕ್ಷನ್: ‘ಏರಿಯಾ’ ಎಂದರೆ ಎಷ್ಟು?

ಬೆಂಗಳೂರಿನಲ್ಲಿ ಒಂದು ಭಾಗಕ್ಕೆ ಸುಮಾರು ಎಪ್ಪತ್ತೆಂಬತ್ತು ಸಾವಿರದಿಂದ ಒಂದೂವರೆ ಲಕ್ಷದವರೆಗೆ ದರ ಕೇಳಿಬರುತ್ತದೆ. ಈ ಅಂತರದ ಗುಟ್ಟು ‘ಏರಿಯಾ’ ಎಂಬ ಪದದಲ್ಲಿದೆ. ಒಂದು ಕಡೆ ಇಡೀ ಹೊಟ್ಟೆ ಒಂದು ಏರಿಯಾ. ಇನ್ನೊಂದು ಕಡೆ ಮೇಲ್ಹೊಟ್ಟೆ ಒಂದು, ಕೆಳಹೊಟ್ಟೆ ಒಂದು, ಸೊಂಟದ ಎಡ ಪಕ್ಕ ಒಂದು, ಬಲ ಪಕ್ಕ ಒಂದು. ‘ಏರಿಯಾಗೆ 60,000’ ಎಂಬ ಜಾಹೀರಾತು ನೋಡಿ ಹೋದವರ ಬಿಲ್ ನಾಲ್ಕು ಪಟ್ಟಾಗುವುದು ಹೀಗೆ. ವೈದ್ಯರು ಪೆನ್ನಿನಿಂದ ಮೈಮೇಲೆ ಗುರುತು ಮಾಡುವಾಗಲೇ ‘ಇದರಲ್ಲಿ ಎಷ್ಟು ಏರಿಯಾ ಲೆಕ್ಕ ಹಿಡಿದಿರಿ?’ ಎಂದು ಕೇಳಿ, ಉತ್ತರವನ್ನು ಚೀಟಿಯ ಮೇಲೆ ಬರೆಸಿಕೊಳ್ಳಿ.

ಲೀಟರ್ ಲೆಕ್ಕದಲ್ಲಿ ದರ ಹೇಳುವ ಕಡೆ ಇನ್ನೂ ಎಚ್ಚರ ಬೇಕು. ಕೊಬ್ಬು ಹೀರುವ ಮುಂಚೆ ಆ ಜಾಗಕ್ಕೆ ಸಲೈನ್, ಮರಗಟ್ಟಿಸುವ ಲಿಗ್ನೊಕೇನ್, ರಕ್ತಸ್ರಾವ ತಡೆಯುವ ಅಡ್ರಿನಲಿನ್ ಬೆರೆಸಿದ ದ್ರವವನ್ನು ತುಂಬುತ್ತಾರೆ. ಹೊರಬರುವ ಡಬ್ಬಿಯಲ್ಲಿ ಆ ದ್ರವವೂ ಇರುತ್ತದೆ. ಹಾಗಾಗಿ ‘ಮೂರು ಲೀಟರ್ ತೆಗೆದೆವು’ ಎಂದರೆ ಮೂರು ಕಿಲೊ ಕೊಬ್ಬು ಹೋಯಿತು ಎಂದಲ್ಲ. ಅದಕ್ಕಿಂತ ಮುಖ್ಯವಾಗಿ, ಲೀಟರ್‌ಗೆ ಇಷ್ಟು ಎಂದು ಹಣ ಬಂದರೆ ಹೆಚ್ಚು ತೆಗೆಯುವ ಆಸೆಗೆ ದಾರಿ ಮಾಡಿಕೊಟ್ಟಂತೆ. ಒಂದು ಸಲಕ್ಕೆ ಒಟ್ಟು 5 ಲೀಟರ್ ದಾಟಿದರೆ ಅದನ್ನು ದೊಡ್ಡ ಪ್ರಮಾಣದ ಲೈಪೊಸಕ್ಷನ್ ಎಂದೇ ಪರಿಗಣಿಸುತ್ತಾರೆ. ದೇಹದ ನೀರಿನಂಶ ಏರುಪೇರಾಗುತ್ತದೆ, ರಾತ್ರಿಯಿಡೀ ಆಸ್ಪತ್ರೆಯ ನಿಗಾ ಬೇಕಾಗುತ್ತದೆ.

ನಿಗಾ ಬೇಕೆನ್ನಲು ಇನ್ನೊಂದು ಕಾರಣವೂ ಇದೆ. ತುಂಬಿದ ಲಿಗ್ನೊಕೇನ್ ಕೊಬ್ಬಿನಿಂದ ನಿಧಾನವಾಗಿ ರಕ್ತಕ್ಕೆ ಸೇರುತ್ತದೆ. ರಕ್ತದಲ್ಲಿ ಅದರ ಪ್ರಮಾಣ ತುತ್ತತುದಿಗೆ ಏರುವುದು ಸುಮಾರು ಹತ್ತು–ಹದಿನಾಲ್ಕು ಗಂಟೆಗಳ ನಂತರ. ಬೆಳಗ್ಗೆ ಹತ್ತಕ್ಕೆ ಮಾಡಿಸಿಕೊಂಡು ಸಂಜೆ ಮನೆಗೆ ಬಂದವರಿಗೆ ತುಟಿ ಜುಮ್ಮೆನ್ನುವುದು, ಕಿವಿಯಲ್ಲಿ ಗುಯ್‌ಗುಟ್ಟುವುದು, ಮಾತು ತೊದಲುವುದು ರಾತ್ರಿ ಹತ್ತರ ಹೊತ್ತಿಗೆ ಶುರುವಾಗಬಹುದು. ಒಂದೆರಡು ಚಿಕ್ಕ ಜಾಗಕ್ಕೆ ಡೇ ಕೇರ್, ಅಂದರೆ ಅದೇ ದಿನ ಮನೆಗೆ ಕಳಿಸುವ ವ್ಯವಸ್ಥೆ ಸಾಕು. ಹೊಟ್ಟೆ, ಸೊಂಟ, ಬೆನ್ನು ಒಟ್ಟಿಗೆ ಎಂದಾದರೆ ಒಂದು ರಾತ್ರಿಯ ವಾರ್ಡ್ ಬಾಡಿಗೆ ಉಳಿಸಲು ಹೋಗಬೇಡಿ.

ವೇಸರ್, ಲೇಸರ್, ಪವರ್ ಅಸಿಸ್ಟೆಡ್ ಎಂದು ಯಂತ್ರದ ಹೆಸರಿನಲ್ಲಿ ದರ ಏರಿಸುವುದು ಸಾಮಾನ್ಯ. ವೇಸರ್ ಶಬ್ದತರಂಗದಿಂದ ಕೊಬ್ಬನ್ನು ಸಡಿಲಿಸುತ್ತದೆ. ಬೆನ್ನು, ಗಂಡಸರ ಎದೆಯಂಥ ನಾರು ಹೆಚ್ಚಿರುವ ಜಾಗಗಳಲ್ಲಿ, ಒಮ್ಮೆ ಲೈಪೊ ಆಗಿ ಗಟ್ಟಿಯಾದ ಜಾಗಗಳಲ್ಲಿ ಅದು ನಿಜಕ್ಕೂ ಅನುಕೂಲ. ಆದರೆ ಅದರಿಂದ ಹುಟ್ಟುವ ಬಿಸಿ ತಪ್ಪಿ ಚರ್ಮಕ್ಕೆ ತಾಗಿದರೆ ಸುಟ್ಟ ಗಾಯವಾಗುತ್ತದೆ. ಮೊದಲ ಸಲದ ಸಾಧಾರಣ ಹೊಟ್ಟೆಗೆ ಯಂತ್ರಕ್ಕಿಂತ ಕೈ ಮುಖ್ಯ. ಹೆಚ್ಚುವರಿ ಹಣವಿದ್ದರೆ ಅದನ್ನು ಒಳ್ಳೆಯ ಅರಿವಳಿಕೆ ತಜ್ಞರಿಗೆ, ಐಸಿಯು ಇರುವ ಜಾಗಕ್ಕೆ ಕೊಡುವುದು ಉತ್ತಮ.

ಟಮ್ಮಿ ಟಕ್: ಖರ್ಚಿನ ಜೊತೆ ಗಾಯದ ಗೆರೆಯೂ ಲೆಕ್ಕಕ್ಕೆ

ಒಂದೂವರೆಯಿಂದ ಮೂರೂವರೆ ಲಕ್ಷದವರೆಗೆ ಹೇಳುವ ಶಸ್ತ್ರಚಿಕಿತ್ಸೆ ಇದು. ಒಂದು ಸೊಂಟದ ಮೂಳೆಯಿಂದ ಇನ್ನೊಂದರವರೆಗೆ ಕೆಳಹೊಟ್ಟೆಯಲ್ಲಿ ಕೊಯ್ದು, ಚರ್ಮವನ್ನು ಎತ್ತಿ, ಸ್ನಾಯುಗಳನ್ನು ಹೊಲಿದು, ಹೆಚ್ಚಿನ ಚರ್ಮವನ್ನು ಕತ್ತರಿಸಿ, ಹೊಕ್ಕುಳಿಗೆ ಹೊಸ ಜಾಗ ಮಾಡುತ್ತಾರೆ. ಎರಡರಿಂದ ನಾಲ್ಕು ಗಂಟೆ, ಪೂರ್ತಿ ಅರಿವಳಿಕೆ, ಒಂದರಿಂದ ಮೂರು ರಾತ್ರಿ ಆಸ್ಪತ್ರೆ. ಗೆರೆ ಮಾಸಲು ವರ್ಷ–ಒಂದೂವರೆ ವರ್ಷ ಬೇಕು, ಪೂರ್ತಿ ಹೋಗುವುದಿಲ್ಲ. ಹೊಕ್ಕುಳ ಕೆಳಗಿನ ಚರ್ಮ ಹಲವು ತಿಂಗಳು ಮರಗಟ್ಟಿದಂತಿರುತ್ತದೆ.

ಹೊಕ್ಕುಳ ಕೆಳಗಷ್ಟೇ ಸಡಿಲವಿದ್ದರೆ ಮಿನಿ ಟಮ್ಮಿ ಟಕ್ ಎಂಬ ಚಿಕ್ಕ ರೂಪವಿದೆ. ದರ ಕಡಿಮೆ, ಆದರೆ ಹೊಕ್ಕುಳ ಮೇಲಿನ ಸಡಿಲಕ್ಕೆ ಅದು ಏನೂ ಮಾಡುವುದಿಲ್ಲ. ಹಣಕ್ಕೆ ಹೊಂದುವಂತೆ ಮಿನಿ ಆರಿಸಿಕೊಂಡವರ ಕೊರಗು ಹೆಚ್ಚಾಗಿ ಇದೇ.

ಸೊಂಟದ ಪಕ್ಕಗಳಿಗೆ ಲೈಪೊಸಕ್ಷನ್ ಸೇರಿಸಿ ಒಂದೇ ಸಲ ಮಾಡುವುದು ರೂಢಿಯಲ್ಲಿದೆ, ಓಟಿ ಮತ್ತು ಅರಿವಳಿಕೆಯ ಖರ್ಚು ಒಂದೇ ಸಲ ಬೀಳುತ್ತದೆ. ‘ಮಮ್ಮಿ ಮೇಕೋವರ್’ ಎಂದು ಸ್ತನ, ಹೊಟ್ಟೆ, ತೊಡೆ ಎಲ್ಲವನ್ನೂ ಒಟ್ಟಿಗೆ ಕೊಡುವ ಪ್ಯಾಕೇಜ್‌ನಲ್ಲಿ ಉಳಿತಾಯ ಇನ್ನೂ ಹೆಚ್ಚು ಕಾಣುತ್ತದೆ. ಆದರೆ ಮೇಜಿನ ಮೇಲಿನ ಗಂಟೆ ಹೆಚ್ಚಿದಂತೆ ಕಾಲಿನ ರಕ್ತನಾಳದಲ್ಲಿ ರಕ್ತ ಹೆಪ್ಪುಗಟ್ಟುವ ಅಪಾಯವೂ ಹೆಚ್ಚುತ್ತದೆ. ಹೆಪ್ಪು ಶ್ವಾಸಕೋಶಕ್ಕೆ ಹೋದರೆ ಜೀವಕ್ಕೇ ಕುತ್ತು. ಆರು ಗಂಟೆ ಮೀರುವ ಯೋಜನೆಯನ್ನು ಎರಡು ಸಲ ಮಾಡಿಸಿ, ಖರ್ಚು ಜಾಸ್ತಿಯಾದರೂ.

ಕೊಬ್ಬು ತಣ್ಣಗಾಗಿಸುವ ಯಂತ್ರ

ಕೊಯ್ತವಿಲ್ಲ, ರಜೆ ಬೇಡ, ಸಂಜೆಗೆ ಆಫೀಸು. ಒಂದು ಸಲಕ್ಕೆ ಆ ಜಾಗದ ಕೊಬ್ಬಿನ ಪದರ ಶೇ 20–25ರಷ್ಟು ತೆಳುವಾಗುತ್ತದೆ, ಅದೂ ಎರಡು ಮೂರು ತಿಂಗಳ ಮೇಲೆ. ದರ ಹೇಳುವುದು ಯಂತ್ರದ ಒಂದು ಕಪ್ಪನ್ನು (ಕೊಬ್ಬು ತಣ್ಣಗಾಗಿಸಲು ಚರ್ಮದ ಮೇಲೆ ಕೂರಿಸುವ ಬಟ್ಟಲು) ಒಂದು ಸಲ ಕೂರಿಸಿದ್ದಕ್ಕೆ. ಹೊಟ್ಟೆ ತುಂಬ ಕೂರಿಸಲು ನಾಲ್ಕು ಸಲ ಬೇಕು, ಅದನ್ನೇ ಇನ್ನೊಮ್ಮೆ ಮಾಡಬೇಕು ಎಂದುಕೊಳ್ಳಿ. ಸಲಕ್ಕೆ 12,000 ಇದ್ದರೆ ಎಂಟಕ್ಕೆ 96,000, ಮೇಲೆ ತೆರಿಗೆ. ಅಷ್ಟು ಹಣಕ್ಕೆ ಲೈಪೊಸಕ್ಷನ್ ದರವೇ ಬಂತು. ಬಿಗಿ ಚರ್ಮವಿದ್ದು ಒಂದೆರಡು ಚಿಕ್ಕ ಉಬ್ಬುಗಳಷ್ಟೇ ಇರುವವರಿಗೆ ಇದು ಒಪ್ಪುತ್ತದೆ. ಜೋಲುವ ಚರ್ಮಕ್ಕೆ, ಹರ್ನಿಯಾ ಇರುವವರಿಗೆ ಬೇಡ. ಅಪರೂಪಕ್ಕೆ ತಣ್ಣಗಾಗಿಸಿದ ಜಾಗದಲ್ಲೇ ಕೊಬ್ಬು ಗಟ್ಟಿಯಾಗಿ ಬೆಳೆಯುವುದೂ ಉಂಟು. ಅದು ತಾನಾಗಿ ಕರಗುವುದಿಲ್ಲ, ತೆಗೆಯಲು ಶಸ್ತ್ರಚಿಕಿತ್ಸೆಯೇ ಬೇಕಾಗುತ್ತದೆ.

ಎರಡು ಚೀಟಿಗಳನ್ನು ಬಿಚ್ಚಿ ನೋಡಿದರೆ

ಈಗ ಮೊದಲಿನ ಎರಡು ದರಗಳಿಗೆ ಬರೋಣ. ಒಳಗಿನ ಅಂಕಿಗಳು ಲೆಕ್ಕ ತಿಳಿಯಲೆಂದು ಇಟ್ಟ ಉದಾಹರಣೆ. ನಿಮ್ಮ ಚೀಟಿಯ ಅಂಕಿಗಳನ್ನು ಅದೇ ಜಾಗದಲ್ಲಿ ಇಟ್ಟು ನೋಡಿ. ಶಸ್ತ್ರಚಿಕಿತ್ಸೆ ಪಕ್ಕದ ಲೈಪೊಸಕ್ಷನ್ ಸೇರಿದ ಟಮ್ಮಿ ಟಕ್.

1,40,000ದ ಚೀಟಿಯಲ್ಲಿ ಸೇರಿರುವುದು ಸರ್ಜನ್ ಶುಲ್ಕ, ಓಟಿ, ಒಂದು ದಿನದ ವಾರ್ಡ್. ಉಳಿದದ್ದೆಲ್ಲ ‘ಆಕ್ಚುವಲ್ಸ್’ (ಆದಷ್ಟು ಖರ್ಚು ಬೇರೆ) ಎಂಬ ಒಂದೇ ಪದದೊಳಗೆ ಅಡಗಿರುತ್ತದೆ:

ಅರಿವಳಿಕೆ ತಜ್ಞರ ಶುಲ್ಕ: 20,000
ಓಟಿ ಔಷಧಿ, ದಾರ, ಡ್ರೇನ್ (ಗಾಯದೊಳಗಿನ ದ್ರವ ಹೊರತೆಗೆಯುವ ಕೊಳವೆ), ಇತರ ಸಾಮಗ್ರಿ: 25,000
ಎರಡನೇ ರಾತ್ರಿಯ ವಾರ್ಡ್: 6,000
ಇಲ್ಲಿಯವರೆಗೆ 1,91,000. ಇದರ ಮೇಲೆ ಶೇ 18 ಜಿಎಸ್‌ಟಿ: 34,380
ಶಸ್ತ್ರಚಿಕಿತ್ಸೆಗೆ ಮುಂಚಿನ ಪರೀಕ್ಷೆಗಳು: 7,000
ಬಿಗಿ ಉಡುಪು (ಊತ ತಡೆಯಲು ಹೊಟ್ಟೆಗೆ ಹಾಕುವುದು) ಎರಡು: 8,000
ಐದು ಸಲದ ಡ್ರೆಸ್ಸಿಂಗ್: 4,000
ಒಟ್ಟು: 2,44,380

2,10,000ದ ಚೀಟಿಯಲ್ಲಿ ಅರಿವಳಿಕೆ, ಸಾಮಗ್ರಿ, ಎರಡು ರಾತ್ರಿ, ಒಂದು ಬಿಗಿ ಉಡುಪು, ಒಂದು ತಿಂಗಳ ಡ್ರೆಸ್ಸಿಂಗ್, ತೆರಿಗೆ ಎಲ್ಲ ಸೇರಿವೆ. ಪರೀಕ್ಷೆಗೆ 7,000, ಇನ್ನೊಂದು ಉಡುಪಿಗೆ 4,000 ಹಾಕಿದರೆ 2,21,000. ಎಪ್ಪತ್ತು ಸಾವಿರ ಅಗ್ಗ ಎಂದು ಕಂಡದ್ದು ಕೊನೆಗೆ 23,380 ರೂಪಾಯಿ ದುಬಾರಿಯಾಯಿತು.

ಪ್ಯಾಕೇಜ್ ಯಾವಾಗಲೂ ಮೇಲು ಎಂದು ಇದರ ಅರ್ಥವಲ್ಲ. ಪ್ಯಾಕೇಜ್‌ಗೂ ಗಡಿ ಇದೆ: ಓಟಿ ಇಷ್ಟು ಗಂಟೆ, ವಾರ್ಡ್ ಇಷ್ಟು ದಿನ, ಅದರಾಚೆ ಗಂಟೆಗೆ ಇಷ್ಟು. ಐಸಿಯು ಬೇಕಾದರೆ, ರಕ್ತ ಬೇಕಾದರೆ ಬಹುತೇಕ ಎಲ್ಲ ಕಡೆಯೂ ಅದು ಪ್ಯಾಕೇಜ್‌ನ ಹೊರಗೆ. ಆಸ್ಪತ್ರೆಯ ಲೆಟರ್‌ಹೆಡ್ ಮೇಲೆ ‘ಇದು ಸೇರಿದೆ, ಇದು ಸೇರಿಲ್ಲ’ ಎಂಬ ಎರಡು ಪಟ್ಟಿ ಬರೆಸಿಕೊಳ್ಳಿ. ಬಾಯಿಮಾತಿನಲ್ಲಿ ಕೌನ್ಸೆಲರ್ ಹೇಳಿದ್ದು, ವಾಟ್ಸ್ಆ್ಯಪ್‌ನಲ್ಲಿ ಬಂದ ಬಣ್ಣದ ಪೋಸ್ಟರ್ ಡಿಸ್ಚಾರ್ಜ್ ದಿನ ಕೆಲಸಕ್ಕೆ ಬರುವುದಿಲ್ಲ. ಕರ್ನಾಟಕ ಖಾಸಗಿ ವೈದ್ಯಕೀಯ ಸಂಸ್ಥೆಗಳ ಕಾಯ್ದೆ, ಅಂದರೆ 2007ರ ಕೆಪಿಎಂಇ ಕಾಯ್ದೆಯ ಪ್ರಕಾರ ಶುಲ್ಕದ ಪಟ್ಟಿಯನ್ನು ಜನರಿಗೆ ಕಾಣುವಂತೆ ಹಾಕಬೇಕು. ಅದನ್ನು ಕೇಳುವುದು ನಿಮ್ಮ ಹಕ್ಕು, ಸಂಕೋಚ ಬೇಡ.

ತೆರಿಗೆ, ವಿಮೆ, ಕಂತು

ವೈದ್ಯಕೀಯ ಸೇವೆಗೆ ಜಿಎಸ್‌ಟಿ ಇಲ್ಲ ಎಂದು ಕೇಳಿದವರು ಬಿಲ್ ನೋಡಿ ಬೆಚ್ಚುತ್ತಾರೆ. ಸೌಂದರ್ಯಕ್ಕಾಗಿ ಮಾಡುವ ಶಸ್ತ್ರಚಿಕಿತ್ಸೆ ಆ ವಿನಾಯಿತಿಯ ಒಳಗೆ ಬರುವುದಿಲ್ಲ. ಹುಟ್ಟಿನಿಂದ ಬಂದ ನ್ಯೂನತೆ, ಬೆಳವಣಿಗೆಯ ದೋಷ, ಗಾಯ ಅಥವಾ ಅಪಘಾತದಿಂದ ಕೆಟ್ಟ ಅಂಗವನ್ನು ಸರಿಪಡಿಸುವ ಶಸ್ತ್ರಚಿಕಿತ್ಸೆಗೆ ಮಾತ್ರ ವಿನಾಯಿತಿ. ‘ಬಿಲ್ ಬೇಡ ಅಂದ್ರೆ ಟ್ಯಾಕ್ಸ್ ಉಳಿಯುತ್ತೆ’ ಎಂಬ ಮಾತಿಗೆ ಒಪ್ಪಬೇಡಿ. ನಾಳೆ ತೊಂದರೆಯಾಗಿ ದೂರು ಕೊಡಬೇಕಾದರೆ, ಅಲ್ಲಿ ಚಿಕಿತ್ಸೆ ಪಡೆದಿದ್ದಕ್ಕೆ ಆ ಬಿಲ್ಲೇ ಮುಖ್ಯ ಸಾಕ್ಷಿ.

ಆರೋಗ್ಯ ವಿಮೆಯ ಪಾಲಿಸಿಗಳಲ್ಲಿ ಕಾಸ್ಮೆಟಿಕ್ ಶಸ್ತ್ರಚಿಕಿತ್ಸೆ ಹೊರಗಿಟ್ಟ ಪಟ್ಟಿಯಲ್ಲೇ ಇರುತ್ತದೆ. ವಿಮಾ ನಿಯಂತ್ರಣ ಸಂಸ್ಥೆ ಐಆರ್‌ಡಿಎಐ ನಿಗದಿಪಡಿಸಿದ ಪ್ರಮಾಣಿತ ಒಕ್ಕಣೆಯಲ್ಲಿ ಅದು 8ನೇ ಹೊರಗಿಡುವಿಕೆ. ಆಯುಷ್ಮಾನ್ ಭಾರತ್ ಯೋಜನೆಯಲ್ಲೂ ಇದಕ್ಕೆ ಜಾಗವಿಲ್ಲ. ಜನ ಮರೆಯುವ ಅಂಶ ಬೇರೆಯೇ ಇದೆ: ಈ ಶಸ್ತ್ರಚಿಕಿತ್ಸೆಯಿಂದ ಸೋಂಕಾಗಿ ಐಸಿಯು ಸೇರಿದರೆ ಆ ಬಿಲ್ಲನ್ನೂ ವಿಮಾ ಕಂಪನಿ ತಿರಸ್ಕರಿಸುವ ಸಾಧ್ಯತೆ ದೊಡ್ಡದು. ಐದು ಲಕ್ಷದ ಪಾಲಿಸಿ ಇದೆ ಎಂಬ ಧೈರ್ಯದಿಂದ ಕೈಯಲ್ಲಿರುವ ಹಣವನ್ನೆಲ್ಲ ಶಸ್ತ್ರಚಿಕಿತ್ಸೆಗೇ ಸುರಿಯಬಾರದು ಎನ್ನುವುದು ಇದಕ್ಕೇ.

ಪರೀಕ್ಷೆಯಲ್ಲಿ ಹೊಕ್ಕುಳ ಹರ್ನಿಯಾ ಕಂಡುಬಂದರೆ ಆ ಭಾಗ ಬೇರೆ. ಹರ್ನಿಯಾ ರಿಪೇರಿ ಚಿಕಿತ್ಸೆಯೇ ಹೊರತು ಸೌಂದರ್ಯವಲ್ಲ. ಪಾಲಿಸಿಯ ಕಾಯುವ ಅವಧಿ ಮುಗಿದಿದ್ದರೆ, ಅದು ಹಲವು ಪಾಲಿಸಿಗಳಲ್ಲಿ ಎರಡು ವರ್ಷ, ಕ್ಲೇಮ್‌ಗೆ ಕೇಳಬಹುದು. ಮುಂಚಿತವಾಗಿ ಒಪ್ಪಿಗೆ ಪಡೆದು, ಹರ್ನಿಯಾಕ್ಕೆ ಪ್ರತ್ಯೇಕ ಬಿಲ್ ಮಾಡಿಸಿ. ಇಲ್ಲದ ಹರ್ನಿಯಾವನ್ನು ಇದೆ ಎಂದು ಬರೆಸುವುದು ವಂಚನೆ. ಸಿಕ್ಕಿಬಿದ್ದರೆ ಕುಟುಂಬದ ಪಾಲಿಸಿಯೇ ರದ್ದಾಗಬಹುದು.

ಕಂತಿನ ವಿಷಯ. 2 ಲಕ್ಷವನ್ನು ವರ್ಷಕ್ಕೆ ಶೇ 14 ಬಡ್ಡಿಯಲ್ಲಿ 24 ತಿಂಗಳಿಗೆ ತೆಗೆದರೆ ತಿಂಗಳಿಗೆ ಸುಮಾರು 9,600. ಬಡ್ಡಿಯೇ ಒಟ್ಟು 30,500ರ ಹತ್ತಿರ, ಪ್ರೊಸೆಸಿಂಗ್ ಶುಲ್ಕ ಅದರ ಮೇಲೆ. ‘ನೋ ಕಾಸ್ಟ್ ಇಎಂಐ’ ಎಂದರೆ ಬಡ್ಡಿ ಮಾಯವಾಯಿತು ಎಂದಲ್ಲ, ಅದು ದರದೊಳಗೆ ಸೇರಿರುತ್ತದೆ. ಶೂನ್ಯ ಬಡ್ಡಿ ಎಂಬುದೇ ಇಲ್ಲ ಎಂದು ರಿಸರ್ವ್ ಬ್ಯಾಂಕ್ 2013ರಲ್ಲೇ ಬ್ಯಾಂಕುಗಳಿಗೆ ಹೇಳಿತ್ತು. ಪರೀಕ್ಷಿಸುವ ದಾರಿ ಸುಲಭ: ‘ಪೂರ್ತಿ ಹಣ ಈಗಲೇ ಕೊಟ್ಟರೆ ಎಷ್ಟು ಕಡಿಮೆ ಮಾಡುತ್ತೀರಿ?’ ಎಂದು ಕೇಳಿ. ಅವರು ಇಳಿಸುವ ಮೊತ್ತವೇ ನೀವು ಕೊಡಲಿದ್ದ ಬಡ್ಡಿ.

ಎಲ್ಲಿ, ಯಾರ ಕೈಯಲ್ಲಿ

2022ರ ಮೇ ತಿಂಗಳಲ್ಲಿ ಬೆಂಗಳೂರಿನಲ್ಲಿ ಕೊಬ್ಬು ತೆಗೆಸುವ ಶಸ್ತ್ರಚಿಕಿತ್ಸೆಗೆ ಒಳಗಾದ 21 ವರ್ಷದ ಕಿರುತೆರೆ ನಟಿಯೊಬ್ಬರು ಪ್ರಾಣ ಕಳೆದುಕೊಂಡರು. ಸ್ಥಿತಿ ಬಿಗಡಾಯಿಸಿದ ಮೇಲೆ ಬೇರೆ ಆಸ್ಪತ್ರೆಗೆ ಒಯ್ಯಲಾಗಿತ್ತು, ಉಳಿಸಲಾಗಲಿಲ್ಲ. ದರ ಹೋಲಿಸುವ ಪ್ರತಿಯೊಬ್ಬರೂ ಮೊದಲು ಕೇಳಬೇಕಾದ ಪ್ರಶ್ನೆ ಇದರಲ್ಲಿದೆ: ಉಸಿರು ಕಟ್ಟಿದರೆ ಇದೇ ಕಟ್ಟಡದಲ್ಲಿ ವೆಂಟಿಲೇಟರ್ ಇದೆಯೇ?

ಐಸಿಯು ಇರುವ ಆಸ್ಪತ್ರೆಯಲ್ಲಿ ವಾರ್ಡ್, ಓಟಿ ದರ ಹೆಚ್ಚು. ಪ್ಲಾಸ್ಟಿಕ್ ಸರ್ಜನ್‌ಗಳೇ ನಡೆಸುವ ಸಣ್ಣ ಕೇಂದ್ರಗಳಲ್ಲಿ ಕಡಿಮೆ, ಕೆಲಸವೂ ಅಚ್ಚುಕಟ್ಟಾಗಿರಬಹುದು. ಅಲ್ಲಿ ‘ಐಸಿಯು ಟೈ-ಅಪ್ ಇದೆ’ ಎನ್ನುತ್ತಾರೆ. ಯಾವ ಆಸ್ಪತ್ರೆ, ಎಷ್ಟು ದೂರ ಎಂದು ಕೇಳಿ, ಸಂಜೆ ಆರೂವರೆಯ ಟ್ರಾಫಿಕ್‌ನಲ್ಲಿ ಆ ದೂರ ಎಷ್ಟು ನಿಮಿಷ ಎಂದು ನೀವೇ ಲೆಕ್ಕ ಹಾಕಿ. ಸಿಲ್ಕ್ ಬೋರ್ಡ್ ದಾಟಬೇಕಾದ ಟೈ-ಅಪ್ ಟೈ-ಅಪ್ ಅಲ್ಲ. ಚಿಕ್ಕ ಲೈಪೊಸಕ್ಷನ್‌ಗೆ ಒಳ್ಳೆಯ ಡೇ ಕೇರ್ ಕೇಂದ್ರ ಸಾಕು. ಟಮ್ಮಿ ಟಕ್ ಅಥವಾ ಮೂರ್ನಾಲ್ಕು ಭಾಗದ ಲೈಪೊಸಕ್ಷನ್ ಆದರೆ ಐಸಿಯು ಇರುವ ಕಟ್ಟಡವನ್ನು ಬಿಟ್ಟು ಬೇರೆಡೆ ಯೋಚಿಸಲೇಬೇಡಿ. ಬ್ಯೂಟಿ ಪಾರ್ಲರ್ ಮೇಲಿನ ಮಹಡಿಯ ಕೋಣೆ ಯಾವುದಕ್ಕೂ ಬೇಡ.

ಸರ್ಜನ್ ಎಂಬಿಬಿಎಸ್, ಎಂಎಸ್ ಆದ ಮೇಲೆ ಪ್ಲಾಸ್ಟಿಕ್ ಸರ್ಜರಿಯಲ್ಲಿ ಎಂಸಿಎಚ್ ಅಥವಾ ಡಿಎನ್‌ಬಿ (ಈಗಿನ ಹೆಸರು ಡಿಆರ್‌ಎನ್‌ಬಿ) ಎಂಬ ಉನ್ನತ ಪದವಿ ಓದಿರಬೇಕು. ‘ಕಾಸ್ಮೆಟಾಲಜಿಸ್ಟ್’ ಎಂಬುದು ಶಸ್ತ್ರಚಿಕಿತ್ಸೆಯ ಪದವಿಯಲ್ಲ. ಚೀಟಿಯ ಮೇಲಿನ ನೋಂದಣಿ ಸಂಖ್ಯೆಯನ್ನು ಕರ್ನಾಟಕ ವೈದ್ಯಕೀಯ ಪರಿಷತ್ತಿನ ದಾಖಲೆಯೊಂದಿಗೆ ತಾಳೆ ನೋಡಿ. ಗೋಡೆಯ ಮೇಲೆ ಕೆಪಿಎಂಇ ನೋಂದಣಿ ಪತ್ರ ಇದೆಯೇ, ಅವಧಿ ಮುಗಿದಿಲ್ಲವೇ ಎಂದೂ ಗಮನಿಸಿ. ಸಮಾಲೋಚನೆಗೆ ಕೂತ ಸರ್ಜನ್ನೇ ಕೊನೆಯವರೆಗೆ ಮಾಡುತ್ತಾರೆಯೇ, ಅರಿವಳಿಕೆ ತಜ್ಞರು ನೀವು ಎಚ್ಚರಗೊಳ್ಳುವವರೆಗೂ ಇರುತ್ತಾರೆಯೇ ಎಂದು ನೇರವಾಗಿ ಕೇಳಿ. ಈ ಪ್ರಶ್ನೆಗೆ ಮುಖ ಕೆಡಿಸಿಕೊಳ್ಳುವವರ ದರ ಎಷ್ಟು ಕಡಿಮೆಯಿದ್ದರೂ ಬೇಡ.

ಮನೆಯಲ್ಲಿ ಬೀಳುವ ಖರ್ಚು

ಲೈಪೊಸಕ್ಷನ್ ಆದವರು ಮೂರರಿಂದ ಏಳು ದಿನದಲ್ಲಿ ಕೂತು ಮಾಡುವ ಕೆಲಸಕ್ಕೆ ಮರಳಬಹುದು. ಟಮ್ಮಿ ಟಕ್‌ಗೆ ಎರಡರಿಂದ ಮೂರು ವಾರ, ಭಾರ ಎತ್ತಲು ಆರು ವಾರ. ಭಾರ ಎಂದರೆ ಜಿಮ್ ಮಾತ್ರವಲ್ಲ. 20 ಲೀಟರ್ ನೀರಿನ ಕ್ಯಾನ್, ಗ್ಯಾಸ್ ಸಿಲಿಂಡರ್, ಸೊಂಟದ ಮೇಲೆ ಕೂರುವ ಎರಡು ವರ್ಷದ ಮಗು, ಒದ್ದೆ ಬಟ್ಟೆಯ ಬಕೆಟ್. ಇವನ್ನು ಎತ್ತಿದರೆ ಒಳಗಿನ ಹೊಲಿಗೆ ಬಿಡಬಹುದು. ಮೊದಲ ವಾರ ಸೊಂಟ ಬಾಗಿಸಿಯೇ ನಡೆಯಬೇಕು, ಲಿಫ್ಟ್ ಇಲ್ಲದ ಮೂರನೇ ಮಹಡಿಯ ಮನೆಯಾದರೆ ಒಂದೆರಡು ವಾರ ನೆಂಟರ ನೆಲಮಹಡಿಯ ಮನೆಗೆ ಹೋಗುವುದು ವಾಸಿ. ಭಾರತೀಯ ಶೈಲಿಯ ಶೌಚಾಲಯ ಮಾತ್ರ ಇದ್ದರೆ ಕಮೋಡ್ ಕುರ್ಚಿ ಬಾಡಿಗೆಗೆ ತರಬೇಕು.

ತಿಂಗಳಿಗೆ 45,000 ಸಂಬಳದವರು ಹತ್ತು ದಿನ ಸಂಬಳವಿಲ್ಲದ ರಜೆ ಹಾಕಿದರೆ 15,000. ದಿನಕ್ಕೆ 800ರಂತೆ ಎರಡು ವಾರ ಸಹಾಯಕರನ್ನು ಇಟ್ಟರೆ 11,200. ಆರು ಸಲ ಡ್ರೆಸ್ಸಿಂಗ್, ತಪಾಸಣೆಗೆ ಹೋಗಿಬರಲು ಕ್ಯಾಬ್ 4,200. ರೋಡ್ ಹಂಪ್‌ಗಳ ಮೇಲೆ ಆಟೊ ಹಾರಿದರೆ ಹೊಲಿಗೆ ಹಾಕಿದ ಹೊಟ್ಟೆ ಎಷ್ಟು ನೋಯುತ್ತದೆ ಎಂದು ಮೊದಲ ಸಲವೇ ಗೊತ್ತಾಗುತ್ತದೆ. ಔಷಧಿ 5,000, ಗಾಯದ ಗೆರೆಗೆ ಸಿಲಿಕೋನ್ ಜೆಲ್ 3,000. ಹೀಗೆ ಇನ್ನೊಂದು 38,400 ಸೇರಿತು. ಅಂಗಡಿ, ಹೊಲಿಗೆ, ಟ್ಯೂಷನ್ ನಡೆಸುವ ಸ್ವಂತ ದುಡಿಮೆಯವರಿಗೆ ರಜೆಯ ಸಾಲು ಇದಕ್ಕಿಂತ ದೊಡ್ಡದು.

ಬಿಗಿ ಉಡುಪನ್ನು ನಾಲ್ಕರಿಂದ ಆರು ವಾರ, ಬಹುತೇಕ ಹಗಲುರಾತ್ರಿ ಹಾಕಬೇಕು. ಒಂದನ್ನು ಒಗೆದಾಗ ಇನ್ನೊಂದು ಬೇಕು, ಅದಕ್ಕೇ ಎರಡು. ಊತ ಇಳಿದ ಮೇಲೆ ಮೊದಲಿನದು ಸಡಿಲವಾಗಿ ಚಿಕ್ಕ ಅಳತೆಯ ಮೂರನೆಯದೂ ಬೇಕಾಗಬಹುದು. ಏಪ್ರಿಲ್ ಸೆಕೆಯಲ್ಲಿ ಅದರೊಳಗೆ ಬೆವರುಸಾಲೆ ಎದ್ದು ಬಿಚ್ಚಿಟ್ಟವರಲ್ಲಿ ಊತ, ನೀರು ತುಂಬುವುದು ಜಾಸ್ತಿ. ಡಿಸೆಂಬರ್, ಜನವರಿ ಒಳ್ಳೆಯದು.

ಹಾಸನ, ಮಂಡ್ಯ, ತುಮಕೂರಿನಿಂದ ಬರುವವರು ಟಮ್ಮಿ ಟಕ್ ಆದ ಮೇಲೆ ಹತ್ತರಿಂದ ಹದಿನಾಲ್ಕು ದಿನ ಬೆಂಗಳೂರಿನಲ್ಲೇ ಉಳಿಯುವ ಖರ್ಚು ಸೇರಿಸಿಕೊಳ್ಳಿ. ಡ್ರೇನ್ ಕೊಳವೆಯಲ್ಲಿ ದಿನಕ್ಕೆ ಬರುವ ದ್ರವ ಸುಮಾರು 30 ಮಿ.ಲೀ.ಗಿಂತ ಕೆಳಗಿಳಿದ ಮೇಲೆ ಅದನ್ನು ತೆಗೆಯುತ್ತಾರೆ. ಅದಕ್ಕೂ ಮೊದಲೇ ಬಸ್ಸಿನಲ್ಲಿ ಗಂಟೆಗಟ್ಟಲೆ ಕಾಲು ಮಡಚಿ ಕೂರುವುದು ರಕ್ತ ಹೆಪ್ಪುಗಟ್ಟಲು ದಾರಿ.

ಎಡವಟ್ಟಾದರೆ ಯಾರ ಹಣ?

ಚರ್ಮದಡಿ ನೀರು ತುಂಬುವುದು ಟಮ್ಮಿ ಟಕ್‌ನಲ್ಲಿ ಆಗಾಗ ಆಗುವುದೇ. ಸೂಜಿಯಿಂದ ತೆಗೆಯುತ್ತಾರೆ, ಕೆಲವರಿಗೆ ನಾಲ್ಕೈದು ಸಲ. ಪ್ರತಿ ಸಲದ ಶುಲ್ಕ ಪ್ಯಾಕೇಜ್‌ನಲ್ಲಿದೆಯೇ ಕೇಳಿ. ಸಿಗರೇಟ್ ಸೇದುವವರಿಗೆ ಹೊಲಿಗೆಯ ಅಂಚು ಕಪ್ಪಾಗಿ ಸಾಯುವ ಅಪಾಯ ಹೆಚ್ಚು, ಏಕೆಂದರೆ ನಿಕೋಟಿನ್ ಸಣ್ಣ ರಕ್ತನಾಳಗಳನ್ನು ಕುಗ್ಗಿಸುತ್ತದೆ. ಕನಿಷ್ಠ ನಾಲ್ಕು ವಾರ ಮುಂಚೆ ಬಿಡಬೇಕು. ಮುಚ್ಚಿಟ್ಟರೆ ವಾರಗಟ್ಟಲೆ ಡ್ರೆಸ್ಸಿಂಗ್‌ಗೆ ಹಣ ತೆರಬೇಕಾದೀತು. ಸಕ್ಕರೆ ಹತೋಟಿಯಲ್ಲಿ ಇಲ್ಲದಿದ್ದರೆ ಸೋಂಕು. ಒಂದೇ ಕಾಲಿನ ಮೀನಖಂಡ ಊದಿ ನೋಯುವುದು, ಇದ್ದಕ್ಕಿದ್ದಂತೆ ಏದುಸಿರು, ಎದೆನೋವು ಬಂದರೆ ಮರುದಿನದ ಅಪಾಯಿಂಟ್‌ಮೆಂಟ್‌ಗೆ ಕಾಯದೆ ಹತ್ತಿರದ ಎಮರ್ಜೆನ್ಸಿಗೆ ಹೋಗಿ. ಅದು ಯಾವ ಆಸ್ಪತ್ರೆ ಎಂದು ಮೊದಲೇ ಗೊತ್ತಿರಲಿ.

ಲೈಪೊಸಕ್ಷನ್ ಆದ ಜಾಗ ಉಬ್ಬುತಗ್ಗಾಗಿ ಉಳಿದರೆ ಅಥವಾ ಗೆರೆ ಓರೆಯಾದರೆ ಮತ್ತೆ ತಿದ್ದುವುದು ಆರು ತಿಂಗಳಿಂದ ಒಂದು ವರ್ಷದ ಮೇಲೆ. ಅದಕ್ಕೆ ಮುಂಚೆ ಊತ ಯಾವುದು, ದೋಷ ಯಾವುದು ಎಂದು ತಿಳಿಯುವುದಿಲ್ಲ. ‘ರಿವಿಷನ್ ಫ್ರೀ’ ಎಂದು ಹೇಳಿದವರನ್ನು ಬಿಡಿಸಿ ಕೇಳಿ. ಬಹುಪಾಲು ಕಡೆ ಸರ್ಜನ್ ಶುಲ್ಕವಷ್ಟೇ ಮಾಫಿ. ಓಟಿ, ಅರಿವಳಿಕೆ, ಸಾಮಗ್ರಿ, ತೆರಿಗೆ ನಿಮ್ಮದೇ. ಯಾವ ದೋಷಕ್ಕೆ, ಎಷ್ಟು ತಿಂಗಳೊಳಗೆ, ಯಾರು ನಿರ್ಧರಿಸುವುದು ಎಂಬ ಮೂರೂ ಬರಹದಲ್ಲಿರಲಿ.

ಇದಕ್ಕೆಲ್ಲ ಒಟ್ಟು ಖರ್ಚಿನ ಸುಮಾರು ಐದನೇ ಒಂದು ಭಾಗ ಪ್ರತ್ಯೇಕವಾಗಿ ಎತ್ತಿಡಿ. ಮೇಲಿನ ಉದಾಹರಣೆಯಲ್ಲಿ 2,21,000ಕ್ಕೆ ಮನೆಯ 38,400 ಸೇರಿಸಿ 2,59,400. ಎತ್ತಿಡುವ 50,000 ಹಾಕಿದರೆ 3,09,400. ‘ಎಲ್ಲ ಸೇರಿ 2,10,000’ ಎಂಬ ಚೀಟಿ ಹಿಡಿದವರ ಕೈಯಲ್ಲಿ ನಿಜಕ್ಕೂ ಇರಬೇಕಾದದ್ದು ಇಷ್ಟು. ಇಷ್ಟಿಲ್ಲದಿದ್ದರೆ ಆರು ತಿಂಗಳು ಕೂಡಿಸಿ ಬನ್ನಿ, ಹೊಟ್ಟೆ ಎಲ್ಲಿಗೂ ಓಡಿಹೋಗುವುದಿಲ್ಲ. ‘ಈ ವಾರ ಬುಕ್ ಮಾಡಿದರೆ ಶೇ 20 ರಿಯಾಯಿತಿ’ ಎಂದು ಅವಸರ ಮಾಡುವುದು ಸೀರೆ ಅಂಗಡಿಗೆ ಸರಿ, ಓಟಿಗೆ ಸರಿಯಲ್ಲ.

ಅಡ್ವಾನ್ಸ್ ಕೊಡುವ ಮುಂಚೆ ಇದೊಂದನ್ನು ವಿಚಾರಿಸಿ. ಹಿಮೋಗ್ಲೋಬಿನ್ ಕಡಿಮೆ ಬಂದರೆ, ಹಿಂದಿನ ದಿನ ಜ್ವರ ಕೆಮ್ಮು ಕಾಣಿಸಿದರೆ ಅರಿವಳಿಕೆ ತಜ್ಞರು ಮುಂದೂಡುತ್ತಾರೆ, ಮುಂದೂಡಲೇಬೇಕು. ಆಗ ಅಡ್ವಾನ್ಸ್ ಮುಂದಿನ ತಾರೀಖಿಗೆ ಹೋಗುತ್ತದೆಯೇ, ಮನಸ್ಸು ಬದಲಾದರೆ ಎಷ್ಟು ವಾಪಸು? ಆದ್ದರಿಂದ ಪರೀಕ್ಷೆಗಳನ್ನು ಮೊದಲು ಮಾಡಿಸಿ, ಅರಿವಳಿಕೆ ತಜ್ಞರ ಒಪ್ಪಿಗೆ ಸಿಕ್ಕ ಮೇಲೆ ಅಡ್ವಾನ್ಸ್ ಕಟ್ಟಿ. ಡಿಸ್ಚಾರ್ಜ್ ಆಗುವಾಗ ವಿವರವಾದ ಬಿಲ್, ಡಿಸ್ಚಾರ್ಜ್ ಸಮ್ಮರಿ, ಎಷ್ಟು ದ್ರವ ತುಂಬಿದರು, ಎಷ್ಟು ತೆಗೆದರು ಎಂದು ಬರೆದ ಶಸ್ತ್ರಚಿಕಿತ್ಸೆಯ ಟಿಪ್ಪಣಿಯ ಪ್ರತಿ ತೆಗೆದುಕೊಳ್ಳಿ. ದಾಖಲೆ ಕೇಳಿದ 72 ಗಂಟೆಯೊಳಗೆ ಕೊಡಬೇಕೆಂಬ ನಿಯಮವಿದೆ. ಗ್ರಾಹಕರ ಆಯೋಗಕ್ಕೆ ದೂರು ಕೊಡಲು ಎರಡು ವರ್ಷದ ಅವಕಾಶವಿದೆ. ಆ ಎರಡು ವರ್ಷ ಈ ಕಾಗದಗಳನ್ನು ಬಿಗಿ ಉಡುಪಿನ ರಸೀದಿ ಸಮೇತ ಒಂದೇ ಫೈಲಿನಲ್ಲಿ ಇಡಿ.